ಮೆದುಳು ಕೊಯ್ದರೆ ಖಿನ್ನತೆ ಕಾಣುತ್ತದೆಯೇ?

ಹೊಸೂರಿನಲ್ಲಿ ಬೆಂಗಳೂರಿನ ಬಸ್ಸು ಹತ್ತಿದರೆ ಅತ್ತಿಬೆಲೆ, ಚಂದಾಪುರ ದಾಟಿ ನೇರ ನಿಮ್ಹಾನ್ಸ್ ಬಾಗಿಲಿಗೇ ಹೋಗಿ ಇಳಿಯಬಹುದು. ಅದಿರುವುದೇ ಹೊಸೂರು ರಸ್ತೆಯಲ್ಲಿ. ಇಷ್ಟು ಹತ್ತಿರವಿದ್ದರೂ ಡೆಂಕಣಿಕೋಟೆ, ಕೆಲಮಂಗಲ, ಬಾಗಲೂರು ಕಡೆಯ ಕನ್ನಡ ಮನೆಗಳಲ್ಲಿ ‘ಇವನನ್ನ ನಿಮಾನ್ಸ್‌ಗೆ ಸೇರಿಸ್ಬೇಕು’ ಅನ್ನುವುದು ಇಂದಿಗೂ ಬೈಗುಳ. ಅದೇ ಆವರಣದಲ್ಲಿ 1995ರಿಂದ ಮೆದುಳಿನ ಬ್ಯಾಂಕ್ ಒಂದಿದೆ ಎಂಬುದು ಬೈಯುವವರಿಗೂ ಬೈಸಿಕೊಳ್ಳುವವರಿಗೂ ಅಷ್ಟಾಗಿ ಗೊತ್ತಿಲ್ಲ. ನರರೋಗಶಾಸ್ತ್ರಜ್ಞ ಡಾ. ಎಸ್. ಕೆ. ಶಂಕರ್ ಕಟ್ಟಿ ಬೆಳೆಸಿದ ಈ ಬ್ಯಾಂಕಿನಲ್ಲಿ, ಮನೆಯವರ ಒಪ್ಪಿಗೆ ಪಡೆದು ತೆಗೆದಿರಿಸಿದ ಮೆದುಳುಗಳು ಸಂಶೋಧನೆಗಾಗಿ ಕಾದಿವೆ. ಪಕ್ಕದ ಸಂಗ್ರಹಾಲಯದಲ್ಲಿ ಜನಸಾಮಾನ್ಯರೂ ಮನುಷ್ಯನ ಮೆದುಳನ್ನು ಕಣ್ಣಾರೆ ನೋಡಬಹುದು.

ಸತ್ತವರ ಮೆದುಳಿನಲ್ಲಿ ಖಿನ್ನತೆಯನ್ನು ಹುಡುಕುವ ಕೆಲಸ ಜಗತ್ತಿನ ಹಲವೆಡೆ ದಶಕಗಳಿಂದ ನಡೆದಿದೆ. ಅಲ್ಲಿ ಕಂಡದ್ದಕ್ಕೂ ನಾವು ನಂಬಿಕೊಂಡು ಬಂದದ್ದಕ್ಕೂ ತಾಳೆಯಾಗುವುದು ಕಡಿಮೆ.

‘ಅದೆಲ್ಲ ಮನಸ್ಸಿನ ಆಟ, ನಾಲ್ಕು ದಿನ ಮೈ ಬಗ್ಗಿಸಿ ದುಡಿದರೆ ಸರಿಹೋಗುತ್ತೆ’ ಎಂಬುದು ಮೊದಲ ನಂಬಿಕೆ. 1998ರಲ್ಲಿ ಅಮೆರಿಕದ ಡ್ರೆವೆಟ್ಸ್ ಮತ್ತು ಸಂಗಡಿಗರು, ಮರುವರ್ಷ ಮಿಸಿಸಿಪ್ಪಿಯ ಗ್ರಜೀನಾ ರಾಯ್‌ಕೋವ್‌ಸ್ಕಾ ತಂಡ, ಖಿನ್ನತೆಯಿಂದ ಬಳಲಿದ್ದವರ ಮೆದುಳಿನ ಮುಂಭಾಗವನ್ನು ಸೂಕ್ಷ್ಮದರ್ಶಕದಡಿ ಇಟ್ಟು ಜೀವಕೋಶಗಳನ್ನು ಎಣಿಸಿದರು. ನರಕೋಶಗಳಿಗೆ ಆಸರೆಯಾಗಿ ನಿಂತು ಪೋಷಿಸುವ ಗ್ಲಿಯಾ ಕೋಶಗಳು ಅಲ್ಲಿ ವಿರಳವಾಗಿದ್ದವು. ರಾಯ್‌ಕೋವ್‌ಸ್ಕಾ ನೋಡಿದ ಮೆದುಳುಗಳಲ್ಲಿ ನರಕೋಶಗಳ ಗಾತ್ರವೂ ಕುಗ್ಗಿತ್ತು. ಅಲ್ಲಿಯವರೆಗೆ ಎಲ್ಲರ ಕಣ್ಣು ನರಕೋಶದ ಮೇಲೆಯೇ ನೆಟ್ಟಿತ್ತು. ಹೊಸೂರಿನ ಹಸಿರುಮನೆಯಲ್ಲಿ ಗುಲಾಬಿಯನ್ನಷ್ಟೇ ನೋಡಿ, ನೀರು ಗೊಬ್ಬರ ಹಾಕುವ ಕೈಗಳನ್ನು ಲೆಕ್ಕಕ್ಕೇ ಹಿಡಿಯದಂತೆ. ದುಡಿಮೆ, ನಡಿಗೆ ಒಳ್ಳೆಯವೇ. ಆದರೆ ಹಾಸಿಗೆಯಿಂದ ಏಳಲಾಗದವರಿಗೆ ‘ಏಳು’ ಅನ್ನುವುದು ಚಿಕಿತ್ಸೆಯಲ್ಲ.

ಹಾಗಂತ ಖಿನ್ನತೆಯಲ್ಲಿ ಮೆದುಳು ಸಾಯುತ್ತದೆ, ಇನ್ನು ಇವರು ಮೊದಲಿನಂತಾಗುವುದಿಲ್ಲ ಎಂದು ಹೆದರುವುದೂ ತಪ್ಪು. ಆಲ್ಜೈಮರ್ಸ್‌ನಲ್ಲಿ ನರಕೋಶಗಳು ರಾಶಿರಾಶಿಯಾಗಿ ನಾಶವಾಗುವಂಥ ದೃಶ್ಯ ಇಲ್ಲಿಲ್ಲ.

ಓದಿಕೊಂಡವರ ನಂಬಿಕೆ ಬೇರೆ: ‘ಸೆರೊಟೋನಿನ್ ಕಮ್ಮಿಯಾಗಿದೆ, ಮಾತ್ರೆ ಅದನ್ನು ತುಂಬುತ್ತೆ.’ ಇದರ ಬೇರು ಕೂಡ ಶವಪರೀಕ್ಷೆಯಲ್ಲೇ ಇದೆ ಎಂಬುದು ಸೋಜಿಗ. ಆತ್ಮಹತ್ಯೆಯಿಂದ ಸತ್ತ ಖಿನ್ನರ ಹಿಂಮೆದುಳಿನಲ್ಲಿ ಈ ರಾಸಾಯನಿಕ ಕಡಿಮೆ ಇತ್ತೆಂದು 1967ರಲ್ಲಿ ಬ್ರಿಟನ್ನಿನ ಸಂಶೋಧಕರು ವರದಿ ಮಾಡಿದ್ದರು. ಮುಂದೆ ನ್ಯೂಯಾರ್ಕಿನಲ್ಲಿ ಜಾನ್ ಮ್ಯಾನ್, ವಿಕ್ಟೋರಿಯಾ ಅರಾಂಗೊ, ಮಾರ್ಕ್ ಅಂಡರ್‌ವುಡ್ ಸೇರಿ ಮೆದುಳುಕಾಂಡದಲ್ಲಿ ಸೆರೊಟೋನಿನ್ ತಯಾರಿಸುವ ಕೋಶಗಳನ್ನೇ ಎಣಿಸಿದರು. 1999ರ ಅವರ ವರದಿಯ ಪ್ರಕಾರ ಆತ್ಮಹತ್ಯೆಯಿಂದ ಸತ್ತವರಲ್ಲಿ ಆ ಕೋಶಗಳು ಇತರರಿಗಿಂತ ಹೆಚ್ಚಿದ್ದವು! ಕೊರತೆ ಸರಿದೂಗಿಸಲು ಮೆದುಳು ಹೆಣಗಿತ್ತೋ, ಮೊದಲಿನಿಂದಲೇ ಹಾಗಿತ್ತೋ, ಸತ್ತ ಕೋಶ ಹೇಳುವುದಿಲ್ಲ. 2022ರಲ್ಲಿ ಲಂಡನ್ನಿನ ಜೊವಾನ್ನಾ ಮೊಂಕ್ರೀಫ್ ತಂಡ ಅದುವರೆಗಿನ ಅಧ್ಯಯನಗಳನ್ನು ಜಾಲಾಡಿ, ಸರಳವಾದ ‘ಕೊರತೆ’ ಸಿದ್ಧಾಂತಕ್ಕೆ ಗಟ್ಟಿ ಆಧಾರವಿಲ್ಲ ಎಂದಿತು. ಆಗ ಕೆಲವರು ‘ಹಾಗಾದರೆ ಮಾತ್ರೆಯೇ ಮೋಸ’ ಅಂದುಬಿಟ್ಟರು. ಅದು ಅವಸರದ ತೀರ್ಪು. ಮಾತ್ರೆ ಗುಣ ಕೊಡುತ್ತದೆಯೇ ಎಂಬ ಪ್ರಶ್ನೆ ಬೇರೆ, ಯಾವ ದಾರಿಯಲ್ಲಿ ಕೊಡುತ್ತದೆ ಎಂಬುದು ಬೇರೆ. 2009ರಲ್ಲಿ ಮೌರಾ ಬೋಲ್ಡ್ರಿನಿ ಮತ್ತು ಸಂಗಡಿಗರು, ಬದುಕಿದ್ದಾಗ ಖಿನ್ನತೆಯ ಔಷಧಿ ತೆಗೆದುಕೊಂಡಿದ್ದವರ ಮೆದುಳಿನಲ್ಲಿ ನೆನಪಿಗೆ ಮುಖ್ಯವಾದ ಭಾಗವಾದ ಹಿಪೊಕ್ಯಾಂಪಸ್‌ನಲ್ಲಿ ಹೊಸ ನರಕೋಶಗಳಿಗೆ ಮೂಲವಾದ ಕೋಶಗಳು ಹೆಚ್ಚಿರುವುದನ್ನು ತೋರಿಸಿದರು. ನುಂಗುತ್ತಿರುವ ಮಾತ್ರೆಯನ್ನು ವೈದ್ಯರನ್ನು ಕೇಳದೆ ದಿಢೀರನೆ ಬಿಡುವುದಂತೂ ಅಪಾಯ.

‘ವಂಶದಲ್ಲಿ ಬಂದಿದ್ದು, ಏನೂ ಮಾಡೋಕಾಗಲ್ಲ’ ಎನ್ನುವವರಿಗೆ ಕೆನಡಾದ ಮಾಂಟ್ರಿಯಲ್‌ನಿಂದ ಉತ್ತರ ಬಂತು. ಆತ್ಮಹತ್ಯೆಯಿಂದ ಸತ್ತವರಲ್ಲಿ, ಎಳವೆಯಲ್ಲಿ ಹೊಡೆತ ಬಡಿತ, ದೌರ್ಜನ್ಯ ಉಂಡಿದ್ದವರ ಹಿಪೊಕ್ಯಾಂಪಸ್‌ನಲ್ಲಿ, ಒತ್ತಡದ ಹಾರ್ಮೋನಿಗೆ ಕಡಿವಾಣ ಹಾಕಲು ನೆರವಾಗುವ ಗ್ರಾಹಕದ ಜೀನಿನ ಮೇಲೆ ರಾಸಾಯನಿಕ ಗುರುತುಗಳು ಹೆಚ್ಚಿದ್ದವು. ಆ ಜೀನು ಮಂಕಾಗಿತ್ತು. ಅಂಥ ಬಾಲ್ಯ ಕಾಣದೆ ಅದೇ ರೀತಿ ಸತ್ತವರಲ್ಲಿ ಹಾಗಿರಲಿಲ್ಲ. 2009ರ ಈ ಅಧ್ಯಯನ ಚಿಕ್ಕದು, ಗುಂಪಿಗೆ ಹನ್ನೆರಡೇ ಮೆದುಳು. ಆದರೂ ಶವಪರೀಕ್ಷೆಯ ಸಂಶೋಧನೆಗಳಲ್ಲಿ ನನ್ನನ್ನು ಹೆಚ್ಚು ಕಾಡಿದ್ದು ಇದೇ. ಹುಟ್ಟಿನಿಂದ ಬಂದದ್ದು ಒಂದು ಕಡೆ, ಬದುಕು ಕೊಟ್ಟದ್ದು ಇನ್ನೊಂದು ಕಡೆ ಎಂದು ಗೆರೆ ಎಳೆಯುವುದೇ ಇಲ್ಲಿ ಕಷ್ಟ.

ಅದೇ ನಗರದ ಗುಸ್ಟಾವೊ ಟುರೆಕಿ ತಂಡ 2020ರಲ್ಲಿ 34 ಗಂಡಸರ ಮೆದುಳಿನಿಂದ ಸುಮಾರು 80,000 ಕೋಶಕೇಂದ್ರಗಳನ್ನು ಒಂದೊಂದಾಗಿ ಪರಿಶೀಲಿಸಿತು. ಏರುಪೇರು ಎದ್ದು ಕಂಡದ್ದು ಎರಡೇ ಬಗೆಯ ಕೋಶಗಳಲ್ಲಿ: ಆಳದ ಪದರದ ಕೆಲವು ನರಕೋಶಗಳು, ಮತ್ತು ನರತಂತುಗಳ ಹೊದಿಕೆ ಮಾಡುವ ಕೋಶಗಳ ಎಳೆಯ ರೂಪ. 2023ರಲ್ಲಿ ಹೆಂಗಸರ ಮೆದುಳು ನೋಡಿದಾಗ ಮುಂಚೂಣಿಗೆ ಬಂದದ್ದು ಬೇರೆಯೇ ಕೋಶಗಳು, ಮೆದುಳಿನ ರಕ್ಷಣೆ ನೋಡಿಕೊಳ್ಳುವ ಮೈಕ್ರೊಗ್ಲಿಯಾ ಅವುಗಳಲ್ಲೊಂದು.

ಇಷ್ಟೆಲ್ಲ ಕಂಡ ಮೇಲೆ ‘ಒಂದು ಸ್ಕ್ಯಾನ್ ಮಾಡಿಸಿದರೆ ಡಿಪ್ರೆಷನ್ ಇದೆಯೋ ಇಲ್ಲವೋ ಗೊತ್ತಾಗುತ್ತಲ್ಲ?’ ಎಂದು ಕೇಳುವವರಿದ್ದಾರೆ. ಗೊತ್ತಾಗುವುದಿಲ್ಲ. ಮೇಲೆ ಹೇಳಿದ ವ್ಯತ್ಯಾಸಗಳೆಲ್ಲ ಗುಂಪುಗಳ ಸರಾಸರಿ. ಒಂದೇ ಮೆದುಳಿನ ಚೂರನ್ನು ಕೈಗಿಟ್ಟರೆ ಎಂಥ ತಜ್ಞರೂ ‘ಇವರಿಗೆ ಖಿನ್ನತೆ ಇತ್ತು’ ಎಂದು ಹೇಳಲಾರರು. ಸಾವು ಮತ್ತು ಶೈತ್ಯಾಗಾರದ ನಡುವಿನ ಗಂಟೆಗಳು, ಸಾಯುವ ಮುನ್ನ ಸೇವಿಸಿದ ಔಷಧಿ, ಮದ್ಯ ಎಲ್ಲವೂ ಫಲಿತಾಂಶವನ್ನು ಕದಡುತ್ತವೆ. ಕಾರಣ ಯಾವುದು, ರೋಗದ ಪರಿಣಾಮ ಯಾವುದು ಎಂಬುದೂ ಬಿಡಿಸಿ ಬರುವುದಿಲ್ಲ. ವೈದ್ಯರು ಥೈರಾಯ್ಡ್ ಪರೀಕ್ಷೆ ಬರೆದುಕೊಟ್ಟರೆ, ಅದು ಇದೇ ಲಕ್ಷಣ ತೋರುವ ಬೇರೆ ಕಾಯಿಲೆ ಇದೆಯೇ ಎಂದು ನೋಡಲು. ಖಿನ್ನತೆಯನ್ನು ಗುರುತಿಸುವುದು ಈಗಲೂ ಎದುರು ಕೂತು ಮಾತಾಡಿಸಿಯೇ.

ಆ ಮಾತುಕತೆಯೇ ನಡೆಯುತ್ತಿಲ್ಲ ಎಂಬುದು ತೊಂದರೆ. ತಮಿಳುನಾಡು ಸೇರಿ 12 ರಾಜ್ಯಗಳಲ್ಲಿ ನಿಮ್ಹಾನ್ಸ್ ನಡೆಸಿದ 2015–16ರ ಸಮೀಕ್ಷೆಯಲ್ಲಿ, ಖಿನ್ನತೆ ಇದ್ದ ನಾಲ್ವರಲ್ಲಿ ಮೂವರಿಗಿಂತ ಹೆಚ್ಚು ಮಂದಿಗೆ ಚಿಕಿತ್ಸೆಯೇ ಸಿಕ್ಕಿರಲಿಲ್ಲ. ಬಸ್ಸು ಹತ್ತಲು ಹಿಂಜರಿಯುವವರು ಮೊದಲು 14416ಕ್ಕೆ ಕರೆ ಮಾಡಬಹುದು. ಅದು 2022ರ ಅಕ್ಟೋಬರ್‌ನಲ್ಲಿ ಶುರುವಾದ ಸರಕಾರದ ಟೆಲಿ ಮಾನಸ್ ಸೇವೆ; ಹಗಲು ರಾತ್ರಿ ತೆರೆದಿರುತ್ತದೆ, ಕಾಸು ಖರ್ಚಿಲ್ಲ, ಮಾತಾಡುವ ಭಾಷೆಯನ್ನು ನಾವೇ ಆರಿಸಿಕೊಳ್ಳಬಹುದು.