ಆ ಆಟ ಕೊಂಡದ್ದು ಯಾವತ್ತು?

ನಿಂಟೆಂಡೊ 3ಡಿಎಸ್ ಎಂಬ ಪುಟ್ಟ ಗೇಮ್ ಕನ್ಸೋಲ್ 2011ರಲ್ಲಿ ಮಾರುಕಟ್ಟೆಗೆ ಬಂತು. ಕನ್ನಡಕ ಹಾಕಿಕೊಳ್ಳದೆಯೇ ಮೂರು ಆಯಾಮದ ಚಿತ್ರ ಕಾಣಬಹುದೆಂಬುದು ಅದರ ಹೆಗ್ಗಳಿಕೆಯಾಗಿತ್ತು. ಜೇಬಿನಲ್ಲಿಟ್ಟುಕೊಂಡು ನಡೆದರೆ ಎಷ್ಟು ಹೆಜ್ಜೆ ಹಾಕಿದಿರಿ ಎಂಬುದನ್ನೂ ಅದು ಎಣಿಸಿಡುತ್ತದೆ. ಆದರೆ ‘ಇದರಲ್ಲಿರುವ ಈ ಆಟ ಕೊಂಡದ್ದು ಯಾವತ್ತು?’ ಎಂದು ಕೇಳಿದರೆ ಮಾತ್ರ ಯಂತ್ರದ ನೆನಪಿನಲ್ಲಿ ನೇರ ಉತ್ತರವಿಲ್ಲ. ಹೆಜ್ಜೆಯ ಲೆಕ್ಕ ಇಡುವ ಯಂತ್ರಕ್ಕೆ ನಾವು ದುಡ್ಡು ಕೊಟ್ಟ ದಿನ ನೆನಪಿಲ್ಲವೆಂದರೆ, ತಯಾರಕರ ಉದಾಸೀನವೇ ಇರಬೇಕು ಎಂದು ಯಾರಿಗಾದರೂ ಅನ್ನಿಸೀತು. ಆದರೆ ಇದು ಉದಾಸೀನವಲ್ಲ. ನಡಿಗೆಗೆ ಆ ಯಂತ್ರ ಖುದ್ದು ಸಾಕ್ಷಿ, ಖರೀದಿಗೆ ಅಲ್ಲ. ತಾರೀಖು ಎಂಬುದು ಆಟದ ಮೈಮೇಲೆ ಅಚ್ಚೊತ್ತಿದ ಗುರುತಲ್ಲ, ಒಬ್ಬ ಸಾಕ್ಷಿ ಕೊಡುವ ಹೇಳಿಕೆ. ಆ ಸಾಕ್ಷಿ ಯಾರು, ಅವನು ಕಂಡದ್ದೇನು, ಅವನ ಗಡಿಯಾರ ಎಷ್ಟು ಸರಿ ಎಂದು ವಿಚಾರಿಸದೆ ತೆರೆಯ ಮೇಲಿನ ತಾರೀಖನ್ನು ನಂಬಿದರೆ ಮೋಸ ಹೋಗುತ್ತೇವೆ.

ಮನೆ ಕೊಳ್ಳುವವರಿಗೆ ಈ ಗೊಂದಲ ಹೊಸದೇನಲ್ಲ. ಮುಂಗಡ ಕೊಟ್ಟದ್ದು ಒಂದು ದಿನ, ಕ್ರಯಪತ್ರ ನೋಂದಣಿಯಾದದ್ದು ಇನ್ನೊಂದು ದಿನ, ಖಾತೆ ಬದಲಾದದ್ದು ಮತ್ತೊಂದು ದಿನ, ಹಾಲು ಉಕ್ಕಿಸಿ ಒಳಗೆ ಕಾಲಿಟ್ಟದ್ದು ಮಗದೊಂದು ದಿನ. ‘ಮನೆ ಆದದ್ದು ಯಾವತ್ತು?’ ಎಂಬ ಒಂದೇ ಪ್ರಶ್ನೆಗೆ ನಾಲ್ಕು ಸರಿಯುತ್ತರಗಳಿವೆ, ನಾಲ್ಕೂ ಬೇರೆ ಬೇರೆ ದಫ್ತರದಲ್ಲಿವೆ. ಡೌನ್‌ಲೋಡ್ ಮಾಡಿಕೊಂಡ ಆಟಕ್ಕೂ ಹೀಗೆಯೇ. ಹಣ ಸಂದಾಯವಾದ ದಿನ, ಖಾತೆಗೆ ಪರವಾನಗಿ ಸೇರಿದ ದಿನ, ಆಟದ ಫೈಲುಗಳು ಯಂತ್ರಕ್ಕೆ ಇಳಿದ ದಿನ, ಮೊದಲ ಸಲ ಆಡಿದ ದಿನ ಇವೆಲ್ಲ ಒಂದೇ ಆಗಬೇಕೆಂದಿಲ್ಲ. ರಿಯಾಯಿತಿ ಇದ್ದಾಗ ಕೊಂಡಿಟ್ಟು ಎರಡು ವರ್ಷದ ಮೇಲೆ ಡೌನ್‌ಲೋಡ್ ಮಾಡುವವರಿದ್ದಾರೆ. ಮೊದಲೇ ಕಾಯ್ದಿರಿಸಿ, ಬಿಡುಗಡೆಗೆ ಮುನ್ನವೇ ಫೈಲು ಇಳಿಸಿಕೊಂಡು, ನಿಗದಿತ ಗಳಿಗೆಗೆ ಕಾದು ಆಡುವವರೂ ಇದ್ದಾರೆ. ಈ ನಾಲ್ಕರಲ್ಲಿ ಯಂತ್ರದ ಕಣ್ಣೆದುರು ನಡೆಯುವುದು ಕೊನೆಯ ಎರಡು ಮಾತ್ರ.

ಕೊನೆಯದರಿಂದಲೇ ಆರಂಭಿಸೋಣ. 3ಡಿಎಸ್‌ನಲ್ಲಿ ‘ಆಕ್ಟಿವಿಟಿ ಲಾಗ್’ ಎಂಬ ದಿನಚರಿ ಇದೆ. ಪ್ರತಿ ಆಟವನ್ನು ಮೊದಲು ಆಡಿದ್ದು ಯಾವತ್ತು, ಕಡೆಯ ಬಾರಿ ಆಡಿದ್ದು ಯಾವತ್ತು, ಒಟ್ಟು ಎಷ್ಟು ಸಲ, ಎಷ್ಟು ಹೊತ್ತು ಎಂಬುದೆಲ್ಲ ಅದರಲ್ಲಿ ಸಿಗುತ್ತದೆ. ಖರೀದಿಯ ದಿನ ಹುಡುಕುವವರು ಮೊದಲು ಇದನ್ನೇ ತೆರೆಯುತ್ತಾರೆ, ಮೊದಲು ಆಡಿದ ದಿನವನ್ನೇ ಕೊಂಡ ದಿನವೆಂದು ಗುರುತು ಹಾಕಿಕೊಳ್ಳುತ್ತಾರೆ. ಆದರೆ ಈ ದಿನಚರಿಗೆ ಆಟ ಯಾರದೆಂಬುದು ಬೇಕಿಲ್ಲ. ಗೆಳೆಯನಿಂದ ಎರವಲು ತಂದ ಕಾರ್ಟ್ರಿಜ್ ಸಿಕ್ಕಿಸಿ ಆಡಿದರೂ ಅದು ಬರೆದುಕೊಳ್ಳುತ್ತದೆ. ಕೊಂಡು ಹಾಗೆಯೇ ಬಿಟ್ಟ ಆಟದ ಬಗ್ಗೆ ಅದರಲ್ಲಿ ಒಂದಕ್ಷರವೂ ಇರುವುದಿಲ್ಲ. ಅದು ಸುಳ್ಳು ಹೇಳುತ್ತಿಲ್ಲ; ನಾವು ಕೇಳಿದ ಪ್ರಶ್ನೆಗೆ ಉತ್ತರಿಸುತ್ತಿಲ್ಲ, ಅಷ್ಟೆ.

ಇನ್ನು ಡೌನ್‌ಲೋಡ್ ಆದ ದಿನ. ಇದಕ್ಕೆ ಸಾಕ್ಷಿ ಮೆಮೊರಿ ಕಾರ್ಡು. ಇಂಥ ಕಾರ್ಡುಗಳಲ್ಲಿ ಫೈಲುಗಳನ್ನು ಜೋಡಿಸಿಡಲು ಬಳಸುವ ಹಳೆಯ ಪದ್ಧತಿಗೆ ‘ಫ್ಯಾಟ್’ ಎಂದು ಹೆಸರು. ಜಾಗ ದುಬಾರಿಯಾಗಿದ್ದ ಕಾಲದಲ್ಲಿ ಹುಟ್ಟಿದ್ದರಿಂದ ಅದರಲ್ಲಿ ತಾರೀಖಿಗೆ ಸಿಗುವುದು ಬರೀ 16 ಬಿಟ್: ವರ್ಷಕ್ಕೆ 7, ತಿಂಗಳಿಗೆ 4, ದಿನಕ್ಕೆ 5. ವರ್ಷದ ಎಣಿಕೆ 1980ರಿಂದ ಶುರುವಾಗುತ್ತದೆ. ಏಳು ಬಿಟ್‌ಗಳಲ್ಲಿ 127ರವರೆಗೆ ಮಾತ್ರ ಎಣಿಸಬಹುದಾದ್ದರಿಂದ 2107ಕ್ಕೆ ಲೆಕ್ಕ ಮುಗಿಯುತ್ತದೆ. ಗಂಟೆ, ನಿಮಿಷ, ಸೆಕೆಂಡುಗಳಿಗೆ ಇನ್ನೊಂದು 16 ಬಿಟ್. ಅಷ್ಟರಲ್ಲಿ ಪೂರ್ತಿ ಹಿಡಿಸದ ಕಾರಣ ಸೆಕೆಂಡುಗಳನ್ನು ಎರಡೆರಡಾಗಿ ಎಣಿಸಲಾಗುತ್ತದೆ. ಯಾವ ದೇಶದ ಸಮಯ ಎಂದು ಬರೆದಿಡಲು ಜಾಗವೇ ಇಲ್ಲ. ಗಡಿಯಾರವಿಲ್ಲದ ಉಪಕರಣ ಬರೆದ ಫೈಲುಗಳು ಎಷ್ಟೋ ಸಲ 1980ರ ಜನವರಿ 1ರಂದು ಹುಟ್ಟಿದಂತೆ ಕಾಣುವುದು ಎಣಿಕೆ ಅಲ್ಲಿಂದ ಶುರುವಾಗುವ ಕಾರಣಕ್ಕೇ. ಇದಕ್ಕಿಂತ ದೊಡ್ಡ ತೊಡಕು ಇನ್ನೊಂದಿದೆ. ಫೈಲಿನ ತಾರೀಖು ಆ ಪ್ರತಿಯ ತಾರೀಖೇ ಹೊರತು ಆಟದ್ದಲ್ಲ. ಜಾಗ ಸಾಲದೆ ಆಟವನ್ನು ಅಳಿಸಿ ಮರುವರ್ಷ ಮತ್ತೆ ಇಳಿಸಿಕೊಂಡರೆ ಹಳೆಯ ಪ್ರತಿಯ ಜೊತೆಗೆ ಅದರ ತಾರೀಖೂ ಹೋಗುತ್ತದೆ. ದೊಡ್ಡ ಕಾರ್ಡಿಗೆ ಎಲ್ಲವನ್ನೂ ನಕಲು ಮಾಡಿದರೆ, ಫೈಲು ‘ಹುಟ್ಟಿದ’ ದಿನವೆಂದರೆ ನಕಲು ಮಾಡಿದ ದಿನ ಎಂದಾಗಬಹುದು.

ಯಂತ್ರದೊಳಗಿನ ಈ ಎರಡೂ ಸಾಕ್ಷಿಗಳು ಕೈಗೆ ಕಟ್ಟಿಕೊಂಡಿರುವುದು ಒಂದೇ ಗಡಿಯಾರ. ಎಂಜಿನಿಯರುಗಳು ಅದನ್ನು ‘ರಿಯಲ್ ಟೈಮ್ ಕ್ಲಾಕ್’ ಅಥವಾ ಆರ್‌ಟಿಸಿ ಎನ್ನುತ್ತಾರೆ. ನಮ್ಮ ರೈತರಿಗೆ ಆರ್‌ಟಿಸಿ ಎಂದರೆ ಪಹಣಿ. ಪಹಣಿಯಲ್ಲಿ ತಪ್ಪು ನುಸುಳಬಹುದೆಂದು ಗೊತ್ತಿರುವವರಿಗೆ ಈ ಆರ್‌ಟಿಸಿಯ ಸ್ವಭಾವವೂ ಬೇಗ ಅರ್ಥವಾದೀತು. ಇದರ ಹೃದಯ ಸ್ಫಟಿಕದ ಒಂದು ಚೂರು. ವಿದ್ಯುತ್ ಹರಿಸಿದಾಗ ಅದು ಸೆಕೆಂಡಿಗೆ 32,768 ಸಲ ಕಂಪಿಸುತ್ತದೆ. ಈ ಸಂಖ್ಯೆಯನ್ನು ಹದಿನೈದು ಸಲ ಅರ್ಧ ಮಾಡಿದರೆ ಸರಿಯಾಗಿ ಒಂದು ಉಳಿಯುತ್ತದೆ, ಅದೇ ಒಂದು ಸೆಕೆಂಡ್. ಹತ್ತು ಲಕ್ಷ ಕಂಪನಕ್ಕೆ ಇಪ್ಪತ್ತು ಕಂಪನದಷ್ಟು ಏರುಪೇರಾದರೂ ದಿನಕ್ಕೆ ಸುಮಾರು 1.7 ಸೆಕೆಂಡ್, ವರ್ಷಕ್ಕೆ ಹತ್ತು ನಿಮಿಷ ತಪ್ಪುತ್ತದೆ. ತಾರೀಖಿನ ಮಟ್ಟಿಗೆ ಇದು ನಗಣ್ಯ. ನಿಜವಾದ ಅಪಾಯ ಮನುಷ್ಯನ ಬೆರಳಿನಲ್ಲಿದೆ. 3ಡಿಎಸ್‌ನ ಗಡಿಯಾರವನ್ನು ಯಾರು ಬೇಕಾದರೂ ಹಿಂದೆ ಮುಂದೆ ತಿರುಗಿಸಬಹುದು. ‘ಆ್ಯನಿಮಲ್ ಕ್ರಾಸಿಂಗ್’ ಸರಣಿಯ ಆಟಗಳು ನಿಜವಾದ ದಿನ, ಋತುಗಳ ಜೊತೆಗೇ ಸಾಗುತ್ತವೆ. ನಾಳೆಯ ಫಸಲು ಇಂದೇ ಬೇಕೆನ್ನುವವರು ಗಡಿಯಾರವನ್ನು ಮುಂದಕ್ಕೆ ತಿರುಗಿಸುವುದು ಆ ಆಟಗಾರರಲ್ಲಿ ಹಳೆಯ ಚಾಳಿ. ಆ ಕುತಂತ್ರ ಬಲ್ಲ ಆಟದಲ್ಲಿ, ಗಡಿಯಾರ ಹಿಂದಕ್ಕೆ ಹೋದರೆ ಮಾರಲು ಕೂಡಿಟ್ಟ ಟರ್ನಿಪ್ ಗಡ್ಡೆಗಳೆಲ್ಲ ಕೊಳೆತುಹೋಗುತ್ತವೆ. ಹೀಗೆ ತಿರುಚಿದ ದಿನಗಳಲ್ಲಿ ಆಡಿದ್ದು ದಿನಚರಿಯಲ್ಲಿ ಯಾವ ತಾರೀಖಿಗೆ ಬಿದ್ದಿದ್ದೀತು ಎಂಬುದನ್ನು ಊಹಿಸಿಕೊಳ್ಳಬಹುದು.

ಬೆರಳು ತಾಗದಿದ್ದರೂ ಗಡಿಯಾರ ದಾರಿ ತಪ್ಪಬಲ್ಲದೆಂಬುದಕ್ಕೆ ಸೋನಿಯ ಪ್ಲೇಸ್ಟೇಷನ್ 3 ದೊಡ್ಡ ನಿದರ್ಶನ. 2010ರ ಮಾರ್ಚ್ 1ರಂದು ಜಗತ್ತಿನಾದ್ಯಂತ ಹಳೆಯ ಮಾದರಿಯ ಪಿಎಸ್3ಗಳು ಏಕಾಏಕಿ ತೊಂದರೆ ಕೊಡತೊಡಗಿದವು. ಆನ್‌ಲೈನ್ ಸಂಪರ್ಕ ಸಿಗಲಿಲ್ಲ, ಆಟದಲ್ಲಿ ಗೆದ್ದ ಟ್ರೋಫಿಗಳ ಲೆಕ್ಕ ಕೂಡಲಿಲ್ಲ, ಕೆಲವು ಆಟಗಳು ತೆರೆಯಲೇ ಇಲ್ಲ. ಒಳಗಿನ ಗಡಿಯಾರ 2010ನ್ನು ಅಧಿಕ ವರ್ಷವೆಂದು ಭಾವಿಸಿ, ಇಲ್ಲದ ಫೆಬ್ರುವರಿ 29ಕ್ಕೆ ಕಾಲಿಟ್ಟಿತ್ತು. ಕೆಲವು ಯಂತ್ರಗಳಲ್ಲಿ ತಾರೀಖು 2000ದ ಜನವರಿ 1ಕ್ಕೆ ಜಾರಿತು. ಒಂದು ದಿನದ ಮಟ್ಟಿಗೆ ಯಂತ್ರ ಬಳಸಬೇಡಿ ಎಂದು ಕಂಪನಿ ಹೇಳಬೇಕಾಯಿತು. ಆ ಸುಳ್ಳು ದಿನ ಕಳೆದ ಮೇಲೆ ಎಲ್ಲವೂ ತಾನಾಗಿ ಸರಿಹೋಯಿತು. ಹಾಗಾಗಿ ಯಂತ್ರದೊಳಗೆ ಬರೆದ ತಾರೀಖನ್ನು ಒಂಟಿ ಸಾಕ್ಷಿಯಂತೆ ಕಾಣಬೇಕು, ತೀರ್ಪಿನಂತಲ್ಲ.

ಖರೀದಿಯ ದಿನಕ್ಕೆ ನಿಜವಾದ ಸಾಕ್ಷಿ ಎಲ್ಲಿದೆ? ಮಾರಿದವನ ಲೆಕ್ಕದ ಪುಸ್ತಕದಲ್ಲಿ, ಅಂದರೆ ಕಂಪನಿಯ ಸರ್ವರಿನಲ್ಲಿ. ಈ ಪುಸ್ತಕಕ್ಕೆ ಎಷ್ಟು ತೂಕವಿದೆ ಎಂಬುದನ್ನು 3ಡಿಎಸ್‌ನ ಮೊದಲ ವರ್ಷದ ಒಂದು ಪ್ರಸಂಗವೇ ತೋರಿಸುತ್ತದೆ. ಯಂತ್ರ ನಿರೀಕ್ಷಿಸಿದಷ್ಟು ಮಾರಾಟವಾಗದೆ, ಅಮೆರಿಕದಲ್ಲಿ ಸುಮಾರು 250 ಡಾಲರ್ ಇದ್ದ ಬೆಲೆಯನ್ನು 2011ರ ಆಗಸ್ಟ್ 12ರಿಂದ 170 ಡಾಲರಿಗೆ ಇಳಿಸಲಾಯಿತು. ಹೆಚ್ಚು ಹಣ ತೆತ್ತ ಮೊದಲ ಗಿರಾಕಿಗಳನ್ನು ಸಮಾಧಾನಪಡಿಸಲು ಅವರನ್ನು ‘ಅಂಬಾಸಿಡರ್’ ಎಂದು ಕರೆದು ಇಪ್ಪತ್ತು ಹಳೆಯ ಆಟಗಳನ್ನು ಉಚಿತವಾಗಿ ಕೊಟ್ಟರು. ಅರ್ಹತೆಗೆ ಅಂಗಡಿಯ ಬಿಲ್ಲು ಕೇಳಲಿಲ್ಲ. ಬೆಲೆ ಇಳಿಯುವ ಮೊದಲು ಒಮ್ಮೆಯಾದರೂ ಇ-ಶಾಪ್ ಎಂಬ ಆನ್‌ಲೈನ್ ಅಂಗಡಿಗೆ ಆ ಯಂತ್ರದಿಂದ ಸಂಪರ್ಕ ಸಾಧಿಸಿರಬೇಕೆಂಬುದೊಂದೇ ಷರತ್ತು. ದುಬಾರಿ ಬೆಲೆಗೆ ಕೊಂಡು ಇಂಟರ್ನೆಟ್ಟಿಗೆ ಜೋಡಿಸದೆ ಇಟ್ಟವರು ಆ ಪಟ್ಟಿಗೆ ಬರಲಿಲ್ಲ. ಮನೆಯಲ್ಲಿ ಕೂತು ಗಡಿಯಾರ ಹಿಂದಕ್ಕೆ ತಿರುಗಿಸಿದರೂ ಉಪಯೋಗವಿರಲಿಲ್ಲ, ಏಕೆಂದರೆ ಲೆಕ್ಕಕ್ಕೆ ಬಂದದ್ದು ಸರ್ವರ್ ಕಂಡ ದಿನ.

ಆದರೆ ಈ ಸಾಕ್ಷಿಯ ಮಾತನ್ನೂ ಎಚ್ಚರದಿಂದ ಕೇಳಬೇಕು. ಲೋಕದೆಲ್ಲೆಡೆಯ ಗಿರಾಕಿಗಳಿಗೆ ಉತ್ತರಿಸುವ ಸರ್ವರುಗಳು ಸಾಮಾನ್ಯವಾಗಿ ಸಮಯವನ್ನು ಅಂತರರಾಷ್ಟ್ರೀಯ ಕಾಲಮಾನದಲ್ಲಿ ಇಡುತ್ತವೆ, ಅದು ನಮ್ಮ ಸಮಯಕ್ಕಿಂತ ಐದೂವರೆ ಗಂಟೆ ಹಿಂದೆ. ಬೆಂಗಳೂರಿನಲ್ಲಿ ಒಬ್ಬರು ಒಂದನೇ ತಾರೀಖು ಬೆಳಗಿನ ಜಾವ ಎರಡು ಗಂಟೆಗೆ ಆಟ ಕೊಂಡರೆ, ಆ ಕಾಲಮಾನದಲ್ಲಿ ಅದು ಹಿಂದಿನ ತಿಂಗಳ ಕಡೆಯ ದಿನದ ರಾತ್ರಿ ಎಂಟೂವರೆ. ರಸೀದಿಯಲ್ಲಿ ಒಂದು ದಿನ, ಬ್ಯಾಂಕಿನ ಪಟ್ಟಿಯಲ್ಲಿ ಮರುದಿನ ಕಂಡರೆ ಯಾರೋ ತಪ್ಪು ಬರೆದಿದ್ದಾರೆ ಎಂದೇನಲ್ಲ.

ಇಲ್ಲಿ ಒಂದು ಆಕ್ಷೇಪ ಏಳುತ್ತದೆ. ಸರ್ವರ್‌ಗೆ ಗೊತ್ತಿರುವ ಖರೀದಿಯ ದಿನವನ್ನು ಆಟದ ಚಿತ್ರದ ಕೆಳಗೇ ಒಂದು ಸಾಲಿನಲ್ಲಿ ತೋರಿಸಿದರೆ ಗಂಟೇನು ಹೋಗುತ್ತದೆ? ತಾಂತ್ರಿಕವಾಗಿ ಏನೂ ಹೋಗುವುದಿಲ್ಲ, ಆಕ್ಷೇಪ ನ್ಯಾಯವಾದದ್ದೇ. ಪ್ಲೇಸ್ಟೇಷನ್ 5ರಲ್ಲಿ ವ್ಯವಹಾರಗಳ ಪಟ್ಟಿಯನ್ನು ಯಂತ್ರದಲ್ಲೇ ನೋಡಬಹುದು. ಆದರೆ ಅದು ಆಟದ ಪಕ್ಕದಲ್ಲಿಲ್ಲ, ಖಾತೆಯ ಸೆಟ್ಟಿಂಗ್ಸ್‌ನಲ್ಲಿ ಪಾವತಿಯ ವಿಭಾಗದೊಳಗಿದೆ. ಎಕ್ಸ್‌ಬಾಕ್ಸ್ ಬಳಸುವವರಿಗೆ ಆರ್ಡರುಗಳ ಇತಿಹಾಸ ಮೈಕ್ರೋಸಾಫ್ಟ್ ಖಾತೆಯಲ್ಲಿ ಸಿಗುತ್ತದೆ. ಎರಡೂ ಕಡೆ ವಿನ್ಯಾಸದ ತರ್ಕ ಒಂದೇ: ಆಡುವುದು ಯಂತ್ರದ ವ್ಯವಹಾರ, ಕೊಳ್ಳುವುದು ಖಾತೆಯ ವ್ಯವಹಾರ. ಯಂತ್ರ ಕೆಟ್ಟರೂ, ಮಾರಿಹೋದರೂ, ಬದಲಾದರೂ ಖಾತೆ ಉಳಿಯುತ್ತದೆ. ತೋರಿಸುವ ಜಾಗವನ್ನು ಸುಧಾರಿಸಬಹುದು, ಆದರೆ ಮೂಲ ದಾಖಲೆ ಯಂತ್ರದಲ್ಲೇ ಇರಬೇಕೆಂದು ಹಟ ಹಿಡಿದರೆ ಯಂತ್ರ ಹಾಳಾದ ದಿನವೇ ದಾಖಲೆಯೂ ಹಾಳಾಗುತ್ತದೆ.

ಇಷ್ಟೆಲ್ಲ ತಲೆಕೆಡಿಸಿಕೊಳ್ಳಲು ಇದೇನು ಆಸ್ತಿಯೇ ಎಂಬುದು ಇನ್ನೊಂದು ಆಕ್ಷೇಪ. ದುಡ್ಡಿನ ಪ್ರಶ್ನೆ ಬಂದಾಗ ಈ ತಾರೀಖುಗಳ ವ್ಯತ್ಯಾಸ ತಟ್ಟುತ್ತದೆ. ಪ್ಲೇಸ್ಟೇಷನ್ ಅಂಗಡಿಯಲ್ಲಿ ಕೊಂಡ ಆಟದ ಹಣ ವಾಪಸ್ ಬೇಕಿದ್ದರೆ 14 ದಿನಗಳೊಳಗೆ ಕೇಳಬೇಕು, ಡೌನ್‌ಲೋಡ್ ಶುರು ಮಾಡಿರಲೂಬಾರದು. ಕಂಪ್ಯೂಟರ್ ಆಟಗಳ ಸ್ಟೀಮ್ ಅಂಗಡಿಯಲ್ಲಿ 14 ದಿನಗಳ ಜೊತೆಗೆ, ಆಡಿದ್ದು ಎರಡು ಗಂಟೆಗಿಂತ ಕಡಿಮೆ ಇರಬೇಕು. ಒಂದು ಕಡೆ ಕೊಂಡ ದಿನ ಮತ್ತು ಇಳಿಸಿದ ಗಳಿಗೆ, ಇನ್ನೊಂದು ಕಡೆ ಕೊಂಡ ದಿನ ಮತ್ತು ಆಡಿದ ಹೊತ್ತು. ‘ಇದೇನು ಆಸ್ತಿಯೇ?’ ಎಂಬ ಪ್ರಶ್ನೆಯಂತೂ ಕಾನೂನಿನ ಬಾಗಿಲನ್ನೇ ತಟ್ಟಿದೆ. ಕ್ಯಾಲಿಫೋರ್ನಿಯದಲ್ಲಿ 2025ರ ಜನವರಿ 1ರಿಂದ ಜಾರಿಯಲ್ಲಿರುವ ಕಾಯ್ದೆಯ ಪ್ರಕಾರ, ಮುಂದೆ ಹಿಂಪಡೆಯಬಹುದಾದ ಡಿಜಿಟಲ್ ಸರಕಿಗೆ ‘ಕೊಳ್ಳಿ’ ಎಂಬ ಗುಂಡಿ ಇಡುವವರು, ಗಿರಾಕಿಗೆ ಸಿಗುವುದು ಪರವಾನಗಿ ಮಾತ್ರ ಎಂದು ಸ್ಪಷ್ಟವಾಗಿ ತಿಳಿಸಬೇಕು. ಪರವಾನಗಿ ಕೊಟ್ಟವರ ಬಳಿಯೇ ಅದರ ದಾಖಲೆಯೂ ಇದ್ದರೆ, ನಮ್ಮ ಕೈಯಲ್ಲೊಂದು ನಕಲು ಇರುವುದು ಅತಿ ಎಚ್ಚರವೇನಲ್ಲ. 2023ರ ಮಾರ್ಚ್ 27ರಂದು 3ಡಿಎಸ್‌ನ ಇ-ಶಾಪ್ ಮಾರಾಟ ನಿಲ್ಲಿಸಿತು. ಹಳೆಯ ಖರೀದಿಗಳನ್ನು ಮತ್ತೆ ಇಳಿಸಿಕೊಳ್ಳುವ ಅವಕಾಶವನ್ನು ಉಳಿಸಿದರು ನಿಜ, ಆದರೆ ಅದು ಎಲ್ಲಿಯವರೆಗೆ ಎಂಬುದು ಅಂಗಡಿಯವನ ಇಚ್ಛೆ.

ಹಾಗಾಗಿ ಹುಡುಕಾಟ ಯಂತ್ರದಿಂದ ಶುರುವಾಗುವುದಕ್ಕಿಂತ ಇಮೇಲ್‌ನ ರಸೀದಿಯಿಂದ ಶುರುವಾಗುವುದು ಮೇಲು. ಆಮೇಲೆ ಖಾತೆಯ ಖರೀದಿ ಪಟ್ಟಿ, ಅನಂತರ ಬ್ಯಾಂಕಿನ ಪಟ್ಟಿ. ಈ ಮೂರೂ ಕೈಕೊಟ್ಟರೆ ಆಗ ಯಂತ್ರದ ಸರದಿ. ಕಾಲ ನಮೂದಿಸದ ಶಾಸನವನ್ನು ವಿದ್ವಾಂಸರು ಓದುವ ಹಾಗೆ ಅದನ್ನು ಓದಬೇಕು. ‘ಆ್ಯನಿಮಲ್ ಕ್ರಾಸಿಂಗ್: ನ್ಯೂ ಲೀಫ್’ ಅಮೆರಿಕದಲ್ಲಿ ಬಿಡುಗಡೆಯಾದದ್ದು 2013ರ ಜೂನ್ 9ರಂದು. ಅಲ್ಲಿನ ಇ-ಶಾಪ್‌ನಿಂದ ಇಳಿಸಿಕೊಂಡ ಪ್ರತಿಯನ್ನು ಅದಕ್ಕೆ ಮೊದಲು ಆಡಿರಲಾರರು, 2023ರ ಮಾರ್ಚ್ 27ರ ನಂತರ ಕೊಂಡಿರಲಾರರು. ಎರವಲು ಕಾರ್ಟ್ರಿಜ್ಜಿನಲ್ಲಿ ಆಡಿಲ್ಲ ಎಂಬುದು ಖಚಿತವಿದ್ದರೆ, ದಿನಚರಿಯಲ್ಲಿರುವ ಮೊದಲ ಆಟದ ದಿನ ಆ ಅಂತರವನ್ನು ಇನ್ನಷ್ಟು ಕಿರಿದು ಮಾಡುತ್ತದೆ. ಒಂದು ವೇಳೆ ದಿನಚರಿ 2013ರ ಏಪ್ರಿಲ್ ಎಂದು ಹೇಳಿದರೆ ಕೊಂಡ ದಿನ ಸಿಗಲಿಕ್ಕಿಲ್ಲ. ಆದರೆ ಆ ದಿನ ಯಂತ್ರದ ಗಡಿಯಾರ ತಪ್ಪಾಗಿತ್ತು ಎಂಬ ಬೇರೊಂದು ಸತ್ಯ ಸಿಕ್ಕುತ್ತದೆ. ಆಮೇಲೆ ಅದೇ ಯಂತ್ರ ಹೇಳುವ ಉಳಿದ ತಾರೀಖುಗಳನ್ನೂ ಹೊಸದಾಗಿ ವಿಚಾರಣೆಗೆ ಕರೆಯಬೇಕಾಗುತ್ತದೆ.