ಕೊಳೆರೋಗವೆಂಬ ಹೆಸರು

ವಿಜ್ಞಾನದ ಪಾರಿಭಾಷಿಕ ಶಬ್ದಗಳೆಂದರೆ ಗ್ರೀಕ್, ಲ್ಯಾಟಿನ್ ಭಾಷೆಗಳಲ್ಲಿ ಹುಟ್ಟಿ, ಇಂಗ್ಲಿಷಿನ ದಾರಿಯಾಗಿ ನಮ್ಮ ಪಾಠಪುಸ್ತಕಗಳಿಗೆ ಬಂದಿಳಿಯುವಂಥವು ಎಂದು ನಾವು ಸಾಮಾನ್ಯವಾಗಿ ಭಾವಿಸಿರುತ್ತೇವೆ. ಇದಕ್ಕೆ ಎದುರು ದಿಕ್ಕಿನಲ್ಲಿ ಪ್ರಯಾಣ ಮಾಡಿದ ಶಬ್ದವೂ ಒಂದುಂಟು. ಅದು ಹುಟ್ಟಿದ್ದು ಕನ್ನಡನಾಡಿನ ತೋಟಗಳಲ್ಲಿ. ಹೋಗಿ ಸೇರಿದ್ದು ಶಿಲೀಂಧ್ರಶಾಸ್ತ್ರದ ಲ್ಯಾಟಿನ್ ನಾಮಾವಳಿಯನ್ನು. ಆ ಶಬ್ದವೇ ‘ಕೊಳೆರೋಗ.’

ಕೊಪ್ಪ ಸೀಮೆಯ ಭಂಡಿಗಡಿಯಲ್ಲಾಗಲಿ, ಶೃಂಗೇರಿ ನರಸಿಂಹರಾಜಪುರಗಳ ಯಾವ ಹಳ್ಳಿಯಲ್ಲಾಗಲಿ ಈ ಮಾತಿಗೆ ಅರ್ಥ ಹೇಳಬೇಕಾದ ಅಗತ್ಯವಿಲ್ಲ. ಆಷಾಢದ ಮಳೆ ಹತ್ತು ದಿನ ಬಿಡದೆ ಸುರಿದು, ನಡುವೆ ಒಮ್ಮೆ ಬಿಸಿಲು ಇಣಿಕಿ, ಮತ್ತೆ ಮಳೆ ಹಿಡಿದುಕೊಂಡಿತೆಂದರೆ ತೋಟದವರ ಬಾಯಲ್ಲಿ ಬರುವ ಮಾತು ಒಂದೇ: ‘ಕೊಳೆ ಬಂತು.’ ಕೊಳೆ ಎಂಬುದು ನಾಮಪದವಾದಾಗ ಹೊಲಸು. ಕ್ರಿಯಾಪದವಾದಾಗ ಕೆಟ್ಟು ಮೆತ್ತಗಾಗುವುದು. ಇಲ್ಲಿ ಎರಡನೆಯ ಅರ್ಥವೇ ಹೊಂದುವಂಥದು. ಈ ಶಬ್ದವನ್ನು ಕಟ್ಟಿದ ರೈತನು ರೋಗವನ್ನು ತಂದ ಜೀವಿಯ ಹೆಸರನ್ನು ಹೇಳಲಿಲ್ಲ, ಕಣ್ಣಿಗೆ ಕಂಡ ಫಲವನ್ನು ಹೇಳಿದನು. ಇದೇ ಕಾರಣದಿಂದ ಮುಂದೆ ಒಂದು ತೊಡಕು ಹುಟ್ಟಿತು.

ಈ ಸೀಮೆಯಲ್ಲಿ ಕಣಿವೆಯ ತಳದಲ್ಲಿ ಅಡಕೆ, ಅದರ ಮೇಲಿನ ಇಳಿಜಾರಿನಲ್ಲಿ ಕಾಫಿ. ಮಳೆಗಾಲದಲ್ಲಿ ಎರಡಕ್ಕೂ ಕೊಳೆರೋಗ ಬರುವುದುಂಟು. ಹೆಸರು ಒಂದೇ ಆದರೂ ರೋಗಗಳು ಎರಡು. ಅವುಗಳನ್ನು ತರುವ ಜೀವಿಗಳಲ್ಲಿ ಒಂದಕ್ಕೊಂದಕ್ಕಿರುವ ದೂರವೋ, ಅಣಬೆಗೂ ಕಡಲ ಪಾಚಿಗೂ ಇರುವಷ್ಟು!

ಮೊದಲು ಕಾಫಿಯದನ್ನು ನೋಡೋಣ. ಮಂಜು ಕವಿದು ನೆರಳು ದಟ್ಟವಾಗಿರುವ ಕಡೆ ಗಿಡದ ಎಲೆಗಳು ಕಪ್ಪಾಗಿ ಕೊಳೆಯುತ್ತವೆ. ಆದರೆ ಕೂಡಲೇ ಉದುರುವುದಿಲ್ಲ. ರೆಂಬೆಯಿಂದ ಕಳಚಿಕೊಂಡ ಎಲೆ ಸಣ್ಣದೊಂದು ಎಳೆಯ ಆಧಾರದಿಂದ ತೂಗಾಡುತ್ತಿರುತ್ತದೆ. ಆ ಎಳೆ ಶಿಲೀಂಧ್ರದ್ದೇ. ಎಲೆಯ ಅಡಿಭಾಗವನ್ನು ನೋಡಿದರೆ ತೆಳ್ಳಗಿನ ಪೊರೆಯೊಂದು ಹರಡಿಕೊಂಡಿರುವುದು ಕಾಣುತ್ತದೆ. ಜಾಗರೂಕತೆಯಿಂದ ಎತ್ತಿದರೆ ಸಿಪ್ಪೆಯಂತೆ ಏಳುತ್ತದೆ. ಮೈಸೂರು ಸಂಸ್ಥಾನದ ಕಾಫಿ ತೋಟಗಳ ಇಂಥ ಎಲೆಗಳನ್ನು ಪರೀಕ್ಷಿಸಿದ ಇಂಗ್ಲೆಂಡಿನ ಶಿಲೀಂಧ್ರಶಾಸ್ತ್ರಜ್ಞ ಎಂ. ಸಿ. ಕುಕ್ 1876ರಲ್ಲಿ ಆ ಜೀವಿಗೆ ‘ಪೆಲ್ಲಿಕ್ಯುಲೇರಿಯ ಕೊಳೆರೋಗ’ ಎಂದು ನಾಮಕರಣ ಮಾಡಿದನು. ಲ್ಯಾಟಿನ್ನಿನಲ್ಲಿ ಪೆಲ್ಲಿಕ್ಯುಲ ಎಂದರೆ ತೆಳುವಾದ ಚರ್ಮ. ಅಂತೂ ಹೆಸರಿನ ಮೊದಲರ್ಧ ಲ್ಯಾಟಿನ್, ಉಳಿದರ್ಧ ಅಚ್ಚಳಿಯದ ಕನ್ನಡ. 1958ರಲ್ಲಿ ಡಚ್ ವಿಜ್ಞಾನಿ ಡಾಂಕ್ ಈ ಹೆಸರನ್ನು ಮತ್ತೆ ಪರಿಶೀಲಿಸಿ, ‘ಕೊಳೆರೋಗ ನಾಕ್ಸಿಯ’ ಎಂದು ಹೊಸದಾಗಿ ಕರೆದನು. ಹೀಗೆ ನಮ್ಮ ಶಬ್ದ ಪ್ರಭೇದದ ಸ್ಥಾನದಿಂದ ಕುಲದ ಸ್ಥಾನಕ್ಕೆ ಬಡ್ತಿ ಪಡೆಯಿತು! ಈಚಿನ ವಂಶವಾಹಿ ಅಧ್ಯಯನಗಳ ತರುವಾಯ ಆ ಕುಲವನ್ನು ರೈಜೋಕ್ಟೋನಿಯದಲ್ಲಿ ಲೀನಗೊಳಿಸಿದ್ದಾರೆ. ಹೆಸರು ಏನೇ ಆಗಲಿ, ಈ ಜೀವಿ ನಿಜವಾದ ಶಿಲೀಂಧ್ರ; ಅಣಬೆಗಳ ದೂರದ ಬಂಧು.

ಇನ್ನು ಅಡಕೆಯ ಕೊಳೆ. ಕಾಯಿಯ ತೊಟ್ಟಿನ ಬಳಿ ನೀರು ಹೀರಿದಂಥ ಕಪ್ಪು ಹಸಿರಿನ ಕಲೆ ಮೂಡಿ, ಹರಡಿ, ಕಾಯಿ ಉದುರಿಬೀಳುತ್ತದೆ. ನೆಲದಲ್ಲಿ ಬಿದ್ದ ಕಾಯಿಯ ಮೈಮೇಲೆ ಬಿಳಿಯ ಬೂಷ್ಟು ಹತ್ತಿಯಂತೆ ಮುತ್ತಿಕೊಳ್ಳುತ್ತದೆ. ದಕ್ಷಿಣ ಕನ್ನಡದವರು ಇದನ್ನೇ ‘ಮಹಾಳಿ’ ಎನ್ನುವರು. ಮಳೆಗಾಲಕ್ಕೆ ಮುನ್ನ ಕೊನೆಗಳಿಗೆ ಕೊಟ್ಟೆ ಕಟ್ಟಿ ನೀರು ತಾಕದಂತೆ ಕಾಯುವುದು ಹಿಂದಿನವರ ಉಪಾಯವಾಗಿತ್ತು. ಕಾರಣ ತಿಳಿಯದಿದ್ದರೂ ಉಪಾಯ ಸರಿಯಾಗಿದ್ದಿತೆಂಬುದು ಮುಂದೆ ಸಿದ್ಧವಾಯಿತು.

1908ರಲ್ಲಿ ಮೈಸೂರು ಸರ್ಕಾರದ ಸೇವೆಗೆ ಬಂದ ಕೆನಡಾ ದೇಶದ ಲೆಸ್ಲಿ ಕೋಲ್‌ಮನ್ ಈ ರೋಗವನ್ನು ಶ್ರದ್ಧೆಯಿಂದ ಅಭ್ಯಾಸ ಮಾಡಿ, 1910ರಲ್ಲಿ ತನ್ನ ಪ್ರಬಂಧವನ್ನು ಪ್ರಕಟಿಸಿದನು. ಅದರ ಶೀರ್ಷಿಕೆಯಲ್ಲಿಯೂ ‘ಕೊಳೆರೋಗ’ವೆಂಬ ಶಬ್ದವನ್ನೇ ಇಟ್ಟುಕೊಂಡನು. (ಈ ಸೀಮೆಗೆ ಇಂಥ ಸಂಶೋಧನೆ ಹೊಸದಲ್ಲ. ಕಾಫಿಯ ಎಲೆರೋಗಕ್ಕೆ ಮದ್ದು ಹುಡುಕಲು 1915ರಲ್ಲಿ ಕೊಪ್ಪದಲ್ಲಿ ತಾತ್ಕಾಲಿಕ ಘಟಕವೂ, 1925ರಲ್ಲಿ ಬಾಳೆಹೊನ್ನೂರಿನ ಬಳಿ ಪ್ರಯೋಗಕೇಂದ್ರವೂ ಸ್ಥಾಪನೆಯಾದವು.) ಕೋಲ್‌ಮನ್ ಕಂಡ ಜೀವಿ ಫೈಟಾಫ್ತೊರ ಕುಲದ್ದು. ಇಂದು ನಮ್ಮ ಅಡಕೆಯ ಕೊಳೆಗೆ ಮುಖ್ಯ ಕಾರಣವೆಂದು ಗುರುತಿಸಲಾಗಿರುವುದು ಅದೇ ಕುಲದ ‘ಫೈಟಾಫ್ತೊರ ಮೀಡಿಯೈ.’ 1845ರಿಂದ ಐರ್ಲೆಂಡಿನಲ್ಲಿ ಆಲೂಗಡ್ಡೆಯ ಬೆಳೆಯನ್ನು ಹಾಳುಮಾಡಿ ಮಹಾಕ್ಷಾಮವನ್ನು ತಂದಿಟ್ಟ ಜೀವಿಯೂ ಇದೇ ಕುಲಕ್ಕೆ ಸೇರಿದ್ದು. ಗ್ರೀಕ್ ಭಾಷೆಯಲ್ಲಿ ಫೈಟಾಫ್ತೊರ ಎಂದರೆ ‘ಸಸ್ಯನಾಶಕ.’ ಜರ್ಮನಿಯ ಡಿ ಬಾರಿ ಆ ಹೆಸರನ್ನು ಕೊಟ್ಟದ್ದು 1876ರಲ್ಲಿ. ಕುಕ್‌ನು ಕೊಳೆರೋಗವನ್ನು ಲ್ಯಾಟಿನ್ನಿಗೆ ಸೇರಿಸಿದ್ದೂ ಅದೇ ವರ್ಷ.

ಈ ಫೈಟಾಫ್ತೊರ ಶಿಲೀಂಧ್ರವೇ? ನೋಟಕ್ಕೆ ಹೌದು. ಎಳೆ ಎಳೆಯಾಗಿ ಬೆಳೆಯುತ್ತದೆ, ಬೂಷ್ಟಿನಂತೆ ಕಾಣುತ್ತದೆ, ಪತ್ರಹರಿತ್ತಿಲ್ಲದೆ ಪರರ ಆಹಾರದಿಂದ ಜೀವಿಸುತ್ತದೆ. ಆದಕಾರಣ ಬಹುಕಾಲ ಅದನ್ನು ಶಿಲೀಂಧ್ರಗಳ ಸಾಲಿನಲ್ಲಿಯೇ ಕೂರಿಸಿದ್ದರು. ಒಳಹೊಕ್ಕು ನೋಡಿದರೆ ಬೇರೆಯೇ ಸಂಗತಿ. ನಿಜವಾದ ಶಿಲೀಂಧ್ರದ ಕೋಶಭಿತ್ತಿಯಲ್ಲಿ ಕೈಟಿನ್ ಇರುತ್ತದೆ; ಏಡಿಯ ಚಿಪ್ಪಿನಲ್ಲಿ, ಕೀಟದ ಹೊರಕವಚದಲ್ಲಿ ಇರುವ ವಸ್ತುವೇ ಅದು. ಫೈಟಾಫ್ತೊರದ ಭಿತ್ತಿಯಲ್ಲಿ ಗಿಡಮರಗಳಲ್ಲಿರುವಂತೆ ಸೆಲ್ಯುಲೋಸ್ ಉಂಟು. ಶಿಲೀಂಧ್ರಗಳು ತಮ್ಮ ಕೋಶಪೊರೆಗೆ ಬೇಕಾದ ಎರ್ಗೊಸ್ಟೆರಾಲ್ ಎಂಬ ಕೊಬ್ಬಿನ ವಸ್ತುವನ್ನು ತಾವೇ ತಯಾರಿಸಿಕೊಳ್ಳುತ್ತವೆ. ಇದಕ್ಕೆ ಆ ವಿದ್ಯೆ ತಿಳಿಯದು. ಅದಕ್ಕಿಂತ ವಿಚಿತ್ರವಾದದ್ದು ಅದರ ಸಂತಾನ. ಫೈಟಾಫ್ತೊರದ ಬೀಜಕಗಳಿಗೆ ಎರಡೆರಡು ಬಾಲಗಳು. ಅವು ನೀರಿನಲ್ಲಿ ಈಜಬಲ್ಲವು. ವಂಶಾವಳಿಯನ್ನು ಹುಡುಕಿದಾಗ ಇದರ ಬಂಧುಗಳು ಅಣಬೆಗಳಲ್ಲ, ಕಡಲಿನ ಕಂದುಪಾಚಿಗಳೂ ಡಯಾಟಮ್‌ಗಳೂ ಎಂದು ಗೊತ್ತಾಯಿತು. ಇಂಥವನ್ನು ಈಗ ‘ನೀರುಬೂಷ್ಟು’ಗಳೆಂದು ಪ್ರತ್ಯೇಕ ಗುಂಪಾಗಿ ಎಣಿಸುತ್ತಾರೆ. ಆದರೂ ಇವುಗಳ ನಾಮಕರಣ ಇಂದಿಗೂ ಪಾಚಿ, ಶಿಲೀಂಧ್ರ, ಸಸ್ಯಗಳ ನಿಯಮಾವಳಿಯಂತೆಯೇ ನಡೆಯುವುದು. ಮನೆ ಬಿಟ್ಟು ಹೋದರೂ ಪಡಿತರ ಚೀಟಿಯಲ್ಲಿ ಹೆಸರು ಉಳಿದಂತೆ!

ಕೊಟ್ಟೆ ಕಟ್ಟುವುದರ ಗುಟ್ಟು ಈಗ ಬಯಲಾಗುತ್ತದೆ. ಈಜುವ ಬೀಜಕಕ್ಕೆ ಕಾಯಿಯ ಮೇಲಿನ ನೀರಿನ ಪೊರೆಯೇ ಕೆರೆ. ಅದನ್ನು ಒಣಗಿಸಿಟ್ಟರೆ ಅದು ದಾರಿ ಸಾಗದು.

ಜೀವಿಗಳು ಇಷ್ಟು ಬೇರೆಯಾಗಿದ್ದರೂ ಒಂದೇ ಹೆಸರಿನಿಂದ ಕರೆದುದರಿಂದ ದೀರ್ಘಕಾಲ ಯಾವ ಹಾನಿಯೂ ಆಗಲಿಲ್ಲ. ಏಕೆಂದರೆ ಮದ್ದು ಒಂದೇ ಆಗಿತ್ತು. 1885ರಲ್ಲಿ ಫ್ರಾನ್ಸಿನ ಮಿಲಾರ್ಡೆ ದ್ರಾಕ್ಷಿಯ ಬೂಷ್ಟುರೋಗಕ್ಕೆಂದು ಪ್ರಚಾರಕ್ಕೆ ತಂದ ಬೋರ್ಡೋ ದ್ರಾವಣವನ್ನು ಕೋಲ್‌ಮನ್ ಅಡಕೆಗೆ ಅನ್ವಯಿಸಿದನು. (ದ್ರಾಕ್ಷಿಯ ಆ ರೋಗವೂ ನೀರುಬೂಷ್ಟಿನಿಂದಲೇ ಬರುವುದೆಂಬುದು ಗಮನಿಸತಕ್ಕ ಅಂಶ.) 1 ಕಿಲೋಗ್ರಾಂ ಮೈಲುತುತ್ತ, 1 ಕಿಲೋಗ್ರಾಂ ಸುಣ್ಣ, 100 ಲೀಟರ್ ನೀರು: ಇದು ಶೇಕಡ 1ರ ದ್ರಾವಣ. ತುತ್ತದ ನೀರನ್ನು ಸುಣ್ಣದ ನೀರಿಗೆ ಸುರಿಯಬೇಕು. ಹೊಳೆಯುವ ಚಾಕುವನ್ನು ಅದರಲ್ಲಿ ಅದ್ದಿದಾಗ ಕೆಂಪು ತಾಮ್ರ ಹತ್ತಿಕೊಂಡರೆ ಸುಣ್ಣ ಸಾಲದೆಂದು ಅರ್ಥ. ತಾಮ್ರವು ಕೋಶದ ಅನೇಕ ಕಿಣ್ವಗಳನ್ನು ಏಕಕಾಲದಲ್ಲಿ ಕೆಡಿಸುವುದರಿಂದ ಅಣಬೆಯ ಬಂಧುವೋ ಪಾಚಿಯ ಬಂಧುವೋ ಎಂದು ವಿಚಾರಿಸುವುದಿಲ್ಲ. ಮಳೆಗೆ ಮುನ್ನ ಒಮ್ಮೆ, ಸುಮಾರು 40-45 ದಿನಗಳ ಮೇಲೆ ಮತ್ತೊಮ್ಮೆ ಅಡಕೆಯ ಕೊನೆಗೆ ಹೊಡೆದರೆ ರಕ್ಷಣೆ. ಕಾಫಿಯ ಕೊಳೆಗೂ ಮಳೆಗಾಲದ ಮುಂಚೆ ಇದನ್ನೇ ಹೊಡೆಯುವುದು. ಅದರ ಜೊತೆಗೆ ನೆರಳನ್ನು ತೆಳುಮಾಡಿ, ರೋಗದ ರೆಂಬೆಗಳನ್ನು ಕತ್ತರಿಸಿ ತೆಗೆಯಬೇಕು.

ಕೆಲಸ ಕೆಡುವುದು ಹೊಸ ಔಷಧಗಳ ಕಾಲದಲ್ಲಿ. 1970ರ ದಶಕದಲ್ಲಿ ಬಂದ ಮೆಟಲಾಕ್ಸಿಲ್ ನೀರುಬೂಷ್ಟುಗಳನ್ನು ಮಾತ್ರ ಹಿಡಿಯುವ ಮದ್ದು. ನಿಜವಾದ ಶಿಲೀಂಧ್ರಕ್ಕೆ ಅದರಿಂದ ಏನೂ ಆಗದು. ಅದರಂತೆಯೇ ಎರ್ಗೊಸ್ಟೆರಾಲಿನ ತಯಾರಿಕೆಯನ್ನು ತಡೆಯುವ ಅಜೋಲ್ ವರ್ಗದ ಔಷಧಗಳು ಶಿಲೀಂಧ್ರಕ್ಕೆ ಸರಿ; ಆ ವಸ್ತುವನ್ನು ತಯಾರಿಸದ ಫೈಟಾಫ್ತೊರಕ್ಕೆ ವ್ಯರ್ಥ. ಎರಡಕ್ಕೂ ಡಬ್ಬಿಯ ಮೇಲಿರುವ ಹೆಸರು ಮಾತ್ರ ‘ಶಿಲೀಂಧ್ರನಾಶಕ’ವೆಂದೇ! ಕೊಪ್ಪ, ಶೃಂಗೇರಿ, ನರಸಿಂಹರಾಜಪುರಗಳ ಅಡಕೆ ತೋಟಗಳನ್ನು ಈಚಿನ ವರ್ಷಗಳಲ್ಲಿ ಕಾಡಿರುವ ಎಲೆಚುಕ್ಕೆ ರೋಗ ಕಾಲೆಟೋಟ್ರೈಕಮ್ ಮೊದಲಾದ ನಿಜವಾದ ಶಿಲೀಂಧ್ರಗಳದು. ಒಂದೇ ಮರದ ಸೋಗೆಯಲ್ಲಿ ಶಿಲೀಂಧ್ರ, ಕೊನೆಯಲ್ಲಿ ನೀರುಬೂಷ್ಟು. ಅಂಗಡಿಯಲ್ಲಿ ‘ಕೊಳೆಯ ಔಷಧ’ವೆಂದು ಕೇಳಿ ತಂದು ಚುಕ್ಕೆಗೆ ಹೊಡೆದರೆ, ಆ ಡಬ್ಬಿಯಲ್ಲಿ ಬೆರೆತಿರಬಹುದಾದ ಮತ್ತೊಂದು ಮದ್ದಿನಿಂದ ಆಗುವಷ್ಟೇ ಪ್ರಯೋಜನ, ಉಳಿದ ಹಣವೂ ಮರ ಹತ್ತಿದವನ ಶ್ರಮವೂ ಮಳೆಯ ಪಾಲು.

ಕಾಲೇಜಿನ ವಿದ್ಯಾರ್ಥಿಗಳು ಈ ಭೇದವನ್ನು ಕಣ್ಣಾರೆ ಕಾಣಬಹುದು. ಉದುರಿದ ಅಡಕೆಯ ಮೇಲಿನ ಬಿಳಿಯ ಬೂಷ್ಟನ್ನು ಸೂಜಿಯ ಮೊನೆಯಷ್ಟು ತೆಗೆದು ತಣ್ಣೀರಿನ ಹನಿಯಲ್ಲಿಟ್ಟು ಸೂಕ್ಷ್ಮದರ್ಶಕದ ಕೆಳಗೆ ನೋಡಬೇಕು. ನಿಂಬೆಹಣ್ಣಿನ ಆಕಾರದ ಚೀಲಗಳು ಕಾಣುವುವು. ತಾಳ್ಮೆಯಿಂದ ಕಾದರೆ ಅವುಗಳ ತುದಿ ತೆರೆದು, ಒಳಗಿನ ಬೀಜಕಗಳು ಒಂದೊಂದಾಗಿ ನುಸುಳಿ ಹೊರಬಂದು ಈಜತೊಡಗುವುವು. ಕಾಫಿಯ ಎಲೆಯ ಪೊರೆಯಲ್ಲಿ ಎಷ್ಟು ಹೊತ್ತು ಕಾದರೂ ಈಜುವ ಬೀಜಕ ಒಂದೂ ಸಿಗಲಾರದು.