ಮನೆಯೊಳಗಿನ ಶತ್ರು

ಅಮೆರಿಕದ ರಾಜ್ಯಶಾಸ್ತ್ರಜ್ಞ ಮೈಕೇಲ್ ರೋಗಿನ್ನನ ‘ರೊನಾಲ್ಡ್ ರೇಗನ್, ದ ಮೂವಿ’ (1987) ಎಂಬ ಪ್ರಬಂಧಸಂಗ್ರಹವನ್ನು ಓದಿದಂದಿನಿಂದ ನನ್ನ ಮನಸ್ಸನ್ನು ಹಿಡಿದಿದ್ದ ‘ಮೈ ಸನ್ ಜಾನ್’ ಎಂಬ ಚಲಚ್ಚಿತ್ರವನ್ನು ಕೊನೆಗೂ ನೋಡುವ ಸುಯೋಗ ಇತ್ತೀಚೆಗೆ ಒದಗಿತು. 1952ರಲ್ಲಿ ತೆರೆಕಂಡ, ಲಿಯೊ ಮೆಕೇರಿಯ ನಿರ್ದೇಶನದ ಈ ಚಿತ್ರವನ್ನು ಬರಿಯ ಕಮ್ಯೂನಿಸ್ಟ್ ವಿರೋಧಿ ಪ್ರಚಾರವೆಂದು ತಳ್ಳಿಹಾಕುವವರೇ ಹೆಚ್ಚು. ಅಂತಹ ಚಿತ್ರಗಳಲ್ಲಿಯೇ ಒಂದು ರಾಷ್ಟ್ರದ ಭೀತಿಯು ತನ್ನನ್ನು ತಾನು ತೋಡಿಕೊಂಡಿದೆಯೆಂದು ಕಂಡುಕೊಂಡುದು ರೋಗಿನ್ನನ ಹಿರಿಮೆ.

ವಾಷಿಂಗ್ಟನ್ನಿನಲ್ಲಿ ಸರ್ಕಾರಿ ಉದ್ಯೋಗದಲ್ಲಿರುವ ವಿದ್ಯಾವಂತ ಜಾನ್ ತವರೂರಿಗೆ ಬರುತ್ತಾನೆ. ಅವನ ಸೋದರರಿಬ್ಬರೂ ಸೈನ್ಯಕ್ಕೆ ಸೇರಿದವರು. ದೇಶಭಕ್ತನಾದ ತಂದೆಯು, ಮಾತಿಗೆ ಮಾತು ಬೆಳೆದು, ಮಗನ ತಲೆಗೆ ಬೈಬಲ್ಲಿನಿಂದಲೇ ಹೊಡೆಯುತ್ತಾನೆ. ತಾಯಿಯಾದರೋ, ಮಗನ ಹರಿದ ಷರಾಯಿಯಲ್ಲಿ ದೊರೆತ ಬೀಗದ ಕೈ ಗೂಢಚಾರಿಣಿಯೊಬ್ಬಳ ಮನೆಯ ಬಾಗಿಲನ್ನು ತೆರೆದಾಗ, ತಾನು ಹೆತ್ತವನು ಯಾರೆಂಬುದನ್ನು ಅರಿಯುತ್ತಾಳೆ.

ಆದರೆ ನನ್ನನ್ನು ಬಿಡದೆ ಕಾಡುತ್ತಿರುವುದು ಕಥೆಯಲ್ಲ, ಅದರ ಅಂತ್ಯ. ಜಾನ್‌ನ ಪಾತ್ರವಹಿಸಿದ ರಾಬರ್ಟ್ ವಾಕರ್ 1951ರ ಆಗಸ್ಟಿನಲ್ಲಿ, ಚಿತ್ರವಿನ್ನೂ ಪೂರ್ಣವಾಗುವ ಮೊದಲೇ, ತನ್ನ 32ನೆಯ ವಯಸ್ಸಿನಲ್ಲಿ ತೀರಿಕೊಂಡನು. ಮೆಕೇರಿಯು ಹಿಚ್‌ಕಾಕನ ‘ಸ್ಟ್ರೇಂಜರ್ಸ್ ಆನ್ ಎ ಟ್ರೇನ್’ ಚಿತ್ರದಲ್ಲಿ ಅದೇ ನಟನು ಕೊಲೆಗಾರನಾಗಿ ಅಭಿನಯಿಸಿದ್ದ ದೃಶ್ಯಗಳ ತುಣುಕುಗಳನ್ನು ಎರವಲು ತಂದು ಜೋಡಿಸಿದನು. ಹೀಗೆ ಪಶ್ಚಾತ್ತಾಪಪಟ್ಟ ದೇಶದ್ರೋಹಿಯ ಮುಖವು ಇನ್ನೊಂದು ಚಿತ್ರದ ಕೊಲೆಗಾರನ ಮುಖವೇ ಆಯಿತು! ಕಥೆಯಲ್ಲಿಯೂ ಸತ್ತ ಜಾನ್‌ನ ಧ್ವನಿಮುದ್ರಿತ ತಪ್ಪೊಪ್ಪಿಗೆಯನ್ನು ಪದವೀದಾನದ ಸಭೆಯಲ್ಲಿ ವಿದ್ಯಾರ್ಥಿಗಳು ಕೇಳುತ್ತಾರೆ. ವೇದಿಕೆಯ ಮೇಲೆ ಬೆಳಕಿದೆ, ಮನುಷ್ಯನಿಲ್ಲ. ದೇಹವಿಲ್ಲದ ಕಮ್ಯೂನಿಸ್ಟನೊಬ್ಬನನ್ನು ಹಾಲಿವುಡ್ ಇದಕ್ಕಿಂತ ಸ್ಪಷ್ಟವಾಗಿ ಚಿತ್ರಿಸಿದ್ದಿಲ್ಲವೆಂದು ನಾನು ಧೈರ್ಯವಾಗಿ ಹೇಳಬಲ್ಲೆ.

ಚಲಚ್ಚಿತ್ರಕ್ಕೆ ಕೈಯಿಡುವುದಕ್ಕೆ ಬಹು ಮುಂಚೆಯೇ, 1967ರ ‘ದಿ ಇಂಟೆಲೆಕ್ಚುಅಲ್ಸ್ ಅಂಡ್ ಮೆಕಾರ್ಥಿ’ ಗ್ರಂಥದಲ್ಲಿ, ರೋಗಿನ್ನನು ವಿಸ್ಕಾನ್ಸಿನ್ ಮತ್ತು ಎರಡು ಡಕೋಟಾ ಸಂಸ್ಥಾನಗಳ ಮತದಾನದ ಅಂಕಿಗಳನ್ನು ಶೋಧಿಸಿದ್ದನು. ಕಮ್ಯೂನಿಸ್ಟರ ಬೇಟೆಗೆ ಹೆಸರಾದ ಸೆನೆಟರ್ ಮೆಕಾರ್ಥಿಯ ಬೆಂಬಲಿಗರು ಹಳೆಯ ರೈತಚಳವಳಿಯ ವಾರಸುದಾರರೆಂದು ಹಾಫ್‌ಸ್ಟಾಟರ್, ಲಿಪ್‌ಸೆಟ್ ಮೊದಲಾದ ವಿದ್ವಾಂಸರು ಪ್ರತಿಪಾದಿಸಿದ್ದರೆ, ಅವನ ನಿಜವಾದ ಬಲವು ಸಂಪ್ರದಾಯಶೀಲ ರಿಪಬ್ಲಿಕನ್ನರಲ್ಲಿತ್ತೆಂದು ಈತನು ತೋರಿಸಿದನು. ಸಾಮಾನ್ಯ ಜನರ ಮೇಲೆ ಹೊರಿಸಿದ್ದ ಅಪವಾದವನ್ನು ಇಷ್ಟು ಶ್ರಮದಿಂದ ತೊಡೆದ ಗ್ರಂಥವು ನನಗೆ ಪ್ರಿಯವಾದುದರಲ್ಲಿ ಆಶ್ಚರ್ಯವೇನು?

ರೋಗಿನ್ನನ ಪ್ರಬಂಧಸಂಗ್ರಹಕ್ಕೆ ಹೆಸರು ಕೊಟ್ಟ ರೇಗನ್ನನ ವಿಷಯವು ಬಹುಶಃ ಓದುಗರಿಗೆ ಪರಿಚಿತವೇ. 1940ರ ‘ಮರ್ಡರ್ ಇನ್ ದಿ ಏರ್’ ಚಿತ್ರದಲ್ಲಿ, ವಿಮಾನಗಳನ್ನು ಆಕಾಶದಲ್ಲಿಯೇ ನಿಷ್ಕ್ರಿಯಗೊಳಿಸುವ ಯಂತ್ರವೊಂದನ್ನು ಶತ್ರುಗಳಿಂದ ಕಾಪಾಡುವ ಗುಪ್ತಚರನಾಗಿ ಅಭಿನಯಿಸಿದವನು, 1947ರಲ್ಲಿ ಅಮೆರಿಕ ವಿರೋಧಿ ಚಟುವಟಿಕೆಗಳ ಸಮಿತಿಯ ಮುಂದೆ ನಟರ ಸಂಘದ ಅಧ್ಯಕ್ಷನಾಗಿ ಸಾಕ್ಷ್ಯ ನುಡಿದವನು, ದೇಶದ ಅಧ್ಯಕ್ಷಪದವಿಯೇರಿ 1983ರ ಮಾರ್ಚಿನಲ್ಲಿ ಕ್ಷಿಪಣಿಗಳನ್ನು ನಾಶಪಡಿಸುವ ರಕ್ಷಾಕವಚದ ಯೋಜನೆಯನ್ನು ಸಾರಿದನು.

ಆದರೆ ತಾಯಿಯ ವಿಚಾರದಲ್ಲಿ ನಾನು ರೋಗಿನ್ನನೊಡನೆ ಪೂರ್ಣವಾಗಿ ಸಮ್ಮತಿಸಲಾರೆ. ಶೀತಲಸಮರದ ಚಿತ್ರಗಳು ಅತಿವಾತ್ಸಲ್ಯದ ತಾಯಂದಿರ ಮೇಲೆಯೇ ದೋಷವನ್ನು ಹೊರಿಸಿದುವೆಂಬ ಅವನ ವಾದವು ಬಹಳಮಟ್ಟಿಗೆ ನಿಜ; ಅದನ್ನು ಪ್ರತಿ ದೃಶ್ಯಕ್ಕೂ ಅನ್ವಯಿಸಹೊರಟಾಗ ಮಾತ್ರ ಸಿದ್ಧಾಂತವು ಅಭಿನಯವನ್ನು ಮರೆಯುತ್ತದೆ. ಮಗನ ಪಕ್ಕದಲ್ಲಿ, ತಾಯಿಯ ಪಾತ್ರವಹಿಸಿದ ಹೆಲೆನ್ ಹೇಯ್ಸ್ ಪಡುವ ಸಂಕಟವು ಮೆಕೇರಿಯ ಉಪದೇಶಕ್ಕೂ ರೋಗಿನ್ನನ ಮನೋವಿಶ್ಲೇಷಣೆಗೂ ಒಗ್ಗದೆ ಉಳಿಯುತ್ತದೆ. ಅದನ್ನು ನೋಡುವುದಕ್ಕಾಗಿಯಾದರೂ ಈ ಚಿತ್ರವನ್ನು ಪ್ರಚಾರವೆಂಬ ಹಣೆಪಟ್ಟಿಯಿಂದ ಬಿಡಿಸಿ ಮತ್ತೊಮ್ಮೆ ಪ್ರದರ್ಶಿಸಬೇಕು.